ಚಳಿ ಕೊಟ್ಟ ಸವಿ

ಸಿಹಿಯೆಂಬುದು ಬಿಸಿಲಿನಿಂದ ಹುಟ್ಟತಕ್ಕದ್ದು ಎಂಬ ನಂಬಿಕೆ ನಮ್ಮ ನಾಡಿನಲ್ಲಿ ಬೆಳೆದವರ ಮನಸ್ಸಿನಲ್ಲಿ ಯಾರೂ ಹೇಳಿಕೊಡದೆಯೇ ನೆಲೆಯೂರಿರುತ್ತದೆ. ಚೈತ್ರ ವೈಶಾಖಗಳ ಉರಿಯಲ್ಲಿ ಮಾವು ಮಾಗುತ್ತದೆ. ಬೇಸಗೆಯ ಕಾವು ಏರಿದ ಹಾಗೆಲ್ಲ ಹಲಸಿನ ತೊಳೆಗೆ ಬಣ್ಣವೂ ಕಂಪೂ ಕೂಡಿಬರುತ್ತವೆ. ಮಳೆ ಬಿದ್ದಿತೆಂದರೆ ಹಣ್ಣು ಸಪ್ಪೆಯಾಯಿತೆಂದು ಮನೆಯ ಹಿರಿಯರು ಪೇಚಾಡುತ್ತಾರೆ. ಹೀಗಿರುವಲ್ಲಿ, ಅಮೆರಿಕ ಸಂಯುಕ್ತ ಸಂಸ್ಥಾನದ ಈಶಾನ್ಯ ಮೂಲೆಯ ವರ್ಮಾಂಟ್ ಸೀಮೆಯಲ್ಲಿ, ತನ್ನ ಹಿತ್ತಲಿನ ಗೆಡ್ಡೆಗಳ ಸಾಲನ್ನು ತೋರಿಸುತ್ತ ವೃದ್ಧೆಯೊಬ್ಬಳು, “ಇನ್ನೂ ಇಬ್ಬನಿ ಸರಿಯಾಗಿ ಹೆಪ್ಪುಗಟ್ಟಿಲ್ಲ, ಈಗ ಅಗೆದರೆ ಸಿಹಿ ಇರುವುದಿಲ್ಲ, ಒಂದೆರಡು ರಾತ್ರಿ ತಾಳಬೇಕು” ಎಂದು ಹೇಳಿದಾಗ, ಆ ಮಾತಿನ ಹಿಂದೆ ನಾನು ಅರಿಯದ ಪ್ರಕೃತಿಧರ್ಮವೊಂದು ಇದ್ದೀತೆಂದು ನನಗೆ ತೋರಿತು. ನಾನು ಆ ಸೀಮೆಗೆ ಹೋದದ್ದು ಶರತ್ಕಾಲದ ಎಲೆಗಳ ಬಣ್ಣವನ್ನು ನೋಡುವುದಕ್ಕೆ. ಆದರೆ ಅಲ್ಲಿಂದ ಮನಸ್ಸಿನಲ್ಲಿ ತುಂಬಿಕೊಂಡು ಬಂದುದು, ಬೇರುತರಕಾರಿಗಳನ್ನೂ ಸೇಬನ್ನೂ ಕೂಡಿಸಿ ಓವನ್ನಿನಲ್ಲಿ ಬೇಯಿಸುವ ಒಂದು ವ್ಯಂಜನದ ವಿಚಾರ.

ನನ್ನ ಚಿಕ್ಕಮ್ಮನ ಮಗಳೂ ಆಕೆಯ ಯಜಮಾನರೂ ವರ್ಮಾಂಟಿನ ದಕ್ಷಿಣದ ಅಂಚಿನಲ್ಲಿರುವ ಬ್ರಾಟಲ್‌ಬರೊ ಎಂಬ ಪಟ್ಟಣದ ಹೊರಮಗ್ಗುಲಲ್ಲಿ ನೆಲೆಸಿ ಬಹುಕಾಲವಾಯಿತು. ಊರಿನ ಪೂರ್ವಕ್ಕೆ ಕನೆಕ್ಟಿಕಟ್ ನದಿ ಹರಿಯುತ್ತದೆ. ನದಿಯ ಆಚೆಯ ದಡ ನ್ಯೂ ಹ್ಯಾಂಪ್‌ಶೈರ್ ಸಂಸ್ಥಾನಕ್ಕೆ ಸೇರಿದ್ದು, ಅಲ್ಲಿ ವಾಂಟಾಸ್ಟಿಕೆಟ್ ಎಂಬ ಬೆಟ್ಟ ನೀರಿನಂಚಿನಿಂದಲೇ ಕಡಿದಾಗಿ ಏಳುತ್ತದೆ. ಅಕ್ಟೋಬರ್ ತಿಂಗಳ ನಡುವಿನಲ್ಲಿ ಆ ಬೆಟ್ಟದ ಮೈಯೆಲ್ಲ ಕೆಂಪು, ಕಿತ್ತಳೆ, ಹೊನ್ನು, ತಾಮ್ರ ಎಂಬ ವರ್ಣಗಳಲ್ಲಿ ಮುಳುಗಿರುವುದನ್ನು ನೋಡಿ ನಾನು ಬೆರಗಾಗಿ ನಿಂತಿರಲು, ತಂಗಿಯ ಮಗಳು ತನ್ನ ಶಾಲೆಯಲ್ಲಿ ಕಲಿತ ಪಾಠವನ್ನು ನನಗೆ ವಿವರಿಸಿದಳು. ಹಗಲು ಕುಗ್ಗಿ ಚಳಿ ಬಲಿತೊಡನೆ ಎಲೆಯೊಳಗಿನ ಹರಿದ್ದ್ರವ್ಯ ಒಡೆದುಹೋಗುತ್ತದೆ. ಬೇಸಗೆಯುದ್ದಕ್ಕೂ ಅದರ ಮರೆಯಲ್ಲಿಯೇ ಇದ್ದ ಹಳದಿ ಕಿತ್ತಳೆಯ ವರ್ಣದ್ರವ್ಯಗಳು ಆಗ ಕಣ್ಣಿಗೆ ಬೀಳುತ್ತವೆ. ಕೆಂಪು ಮಾತ್ರ ಮೊದಲೇ ಇದ್ದುದಲ್ಲ. ಎಲೆಯಲ್ಲಿ ಉಳಿದ ಸಕ್ಕರೆಯನ್ನು ಬಳಸಿಕೊಂಡು ಮರ ಆ ದಿನಗಳಲ್ಲಿ ಹೊಸದಾಗಿ ಮಾಡುವ ಬಣ್ಣ. ಎಲೆಯ ಕಿತ್ತಳೆಗೆ ಕಾರಣವಾದ ಕ್ಯಾರೊಟೀನ್ ಗಜ್ಜರಿಯಲ್ಲಿಯೂ ಇದೆ, ಎಲೆಯ ಕೆಂಪಿನ ಕುಲದ ದ್ರವ್ಯವೇ ಕ್ರ್ಯಾನ್‌ಬೆರಿ ಹಣ್ಣಿನ ಸಿಪ್ಪೆಯಲ್ಲಿಯೂ ಇದೆ ಎಂದು ಅವಳು ಹೇಳಿದ ಮಾತು, ಮುಂದೆ ಅಡುಗೆಮನೆಯಲ್ಲಿ ಆ ತರಕಾರಿಗಳ ತಟ್ಟೆಯನ್ನು ಕಂಡಾಗ ಮತ್ತೆ ನೆನಪಿಗೆ ಬಂದಿತು.

ಇಬ್ಬನಿ ಹೆಪ್ಪುಗಟ್ಟುವುದನ್ನು ಕಾಯುವ ಬಿಡುವಿನಲ್ಲಿ ನಾವು ಸೇಬನ್ನು ತರಲು ಹೊರಟೆವು. ವೆಸ್ಟ್ ನದಿಯ ದಡವನ್ನು ಅನುಸರಿಸಿ ವಾಯವ್ಯಕ್ಕೆ ಸಾಗುವ ರಸ್ತೆಯಲ್ಲಿ, ಡಮ್ಮರ್‌ಸ್ಟನ್ ಗ್ರಾಮದ ಬಳಿ, 1872ರಲ್ಲಿ ಕಟ್ಟಿದ ಮರದ ಸೇತುವೆಯೊಂದು ಇಂದಿಗೂ ಬಳಕೆಯಲ್ಲಿದೆ. ಅದಕ್ಕೆ ಮನೆಯ ಹಾಗೆ ಗೋಡೆಯೂ ಮಾಡೂ ಉಂಟು. ಮಳೆಹಿಮಗಳಿಗೆ ಸಿಕ್ಕಿ ತೊಲೆಗಳು ಕೊಳೆಯಬಾರದೆಂಬುದೇ ಅದರ ಉದ್ದೇಶ. ಆ ಗ್ರಾಮದ ಗುಡ್ಡದ ಮೇಲಿನ ಸ್ಕಾಟ್ ಫಾರ್ಮ್ ಎಂಬ ತೋಟದಲ್ಲಿ, ಅಂಗಡಿಗಳಿಂದ ಮರೆಯಾಗಿ ಹೋಗಿರುವ ಹಳೆಯ ಸೇಬಿನ ತಳಿಗಳನ್ನು ಶ್ರದ್ಧೆಯಿಂದ ಉಳಿಸಿಕೊಂಡು ಬಂದಿದ್ದಾರೆ. ತೋಟದ ನೆರೆಯಲ್ಲಿಯೇ ನೌಲಾಖಾ ಎಂಬ ಮನೆಯಿದೆ. ಲಾಹೋರಿನ ಕೋಟೆಯ ಮಂಟಪವನ್ನು ನೆನಪಿಸುವ ಈ ಹೆಸರು ಇಷ್ಟು ದೂರದ ಗುಡ್ಡದ ಮೇಲೆ ಹೇಗೆ ಬಂದಿತೆಂದರೆ, ಅದನ್ನು ಕಟ್ಟಿಸಿದಾತ ರಡ್ಯರ್ಡ್ ಕಿಪ್ಲಿಂಗ್. ಮುಂಬಯಿಯಲ್ಲಿ ಹುಟ್ಟಿದ ಆ ಲೇಖಕ, ಈ ಸೀಮೆಯ ಹೆಣ್ಣನ್ನು ಮದುವೆಯಾಗಿ, 1896ರವರೆಗೆ ಇಲ್ಲಿದ್ದು, ನಮ್ಮ ಮಕ್ಕಳೆಲ್ಲ ಬಲ್ಲ ಮೋಗ್ಲಿಯ ಕಾಡಿನ ಕಥೆಗಳನ್ನು ಬರೆದದ್ದು ಇಲ್ಲಿಯ ಚಳಿಗಾಲಗಳಲ್ಲಿ. ಹೊರಗೆ ಹಿಮ ಬೀಳುತ್ತಿರಲು ಒಳಗೆ ಕುಳಿತು ಮಧ್ಯಭಾರತದ ಬೇಸಗೆಯನ್ನೂ ಬತ್ತಿದ ಹೊಳೆಯನ್ನೂ ಬಣ್ಣಿಸಿದ ಆ ಮನಸ್ಸಿನ ಶಕ್ತಿಯನ್ನು ನೆನೆಯುತ್ತ ನಾನು ಸ್ವಲ್ಪ ಹೊತ್ತು ಆ ದಾರಿಯಲ್ಲಿ ನಿಂತಿದ್ದೆನು.

ಸೇಬು ಇಲ್ಲಿಯ ಮೂಲನಿವಾಸಿಯಲ್ಲ. ಅದರ ತವರು ಮಧ್ಯ ಏಷ್ಯದ ತಿಯಾನ್‌ಶಾನ್ ಪರ್ವತಗಳ ಇಳಿಜಾರು. ಅಲ್ಲಿಂದ ವಣಿಕರ ದಾರಿಗಳನ್ನು ಹಿಡಿದು ಯೂರೋಪನ್ನು ಸೇರಿ, ಹದಿನೇಳನೆಯ ಶತಮಾನದಲ್ಲಿ ವಲಸೆಗಾರರೊಡನೆ ಕಡಲು ದಾಟಿ ಬಂದಿತು. ಬಾಸ್ಟನ್ನಿನ ಬಳಿಯ ರಾಕ್ಸ್‌ಬರಿಯಲ್ಲಿ ಆ ಶತಮಾನದಲ್ಲಿಯೇ ಹುಟ್ಟಿದ ರಾಕ್ಸ್‌ಬರಿ ರಸೆಟ್ ಎಂಬ ತಳಿಯನ್ನು ಅಮೆರಿಕದ ಅತ್ಯಂತ ಹಳೆಯ ಸೇಬೆಂದು ಗಣಿಸುತ್ತಾರೆ. ಒರಟಾದ ಕಂದು ಸಿಪ್ಪೆಯ ಆ ಹಣ್ಣು ನೋಟಕ್ಕೆ ಆಲೂಗಡ್ಡೆಗೆ ಹತ್ತಿರ, ರುಚಿಯಲ್ಲಿ ಮಾತ್ರ ಅದಕ್ಕೆ ಸಮಾನವಾದುದನ್ನು ನಾನು ಬೇರೆ ಕಾಣೆ. ಸೇಬಿನ ಮರಕ್ಕೆ ಚಳಿ ಬೇಡವಾದ ಕಷ್ಟವಲ್ಲ, ಬೇಕೇಬೇಕಾದ ಆಹಾರ. ಚಳಿಗಾಲದಲ್ಲಿ ನೂರಾರು ಗಂಟೆಗಳ ಕಾಲ ಹವೆ ಸುಮಾರು 7 ಡಿಗ್ರಿ ಸೆಲ್ಸಿಯಸ್ಸಿಗಿಂತ ಕೆಳಗೆ ಇರದಿದ್ದರೆ ಬಹುತೇಕ ತಳಿಗಳ ಮೊಗ್ಗು ಸರಿಯಾಗಿ ಎಚ್ಚರಗೊಳ್ಳುವುದಿಲ್ಲ. ನಮ್ಮ ಬಯಲುಸೀಮೆಯಲ್ಲಿ ಸೇಬಿನ ತೋಪು ಕಾಣದಿರುವುದಕ್ಕೆ ಇದೇ ಕಾರಣ. ಹಾಗೆಂದು ಚಳಿಯ ಔದಾರ್ಯಕ್ಕೆ ಮಿತಿಯಿಲ್ಲವೆಂದು ಭಾವಿಸಲಾಗದು. ಒಂದು ಕಾಲದಲ್ಲಿ ನ್ಯೂ ಇಂಗ್ಲೆಂಡಿನ ತೋಪುಗಳನ್ನೆಲ್ಲ ಆಳುತ್ತಿದ್ದ ಬಾಲ್ಡ್ವಿನ್ ಎಂಬ ತಳಿಯ ಅಸಂಖ್ಯ ಮರಗಳು 1933–34ರ ಘೋರ ಚಳಿಯಲ್ಲಿ ಸತ್ತುಹೋದುವು. ಅವುಗಳ ಸ್ಥಾನಕ್ಕೆ ಚಳಿಯನ್ನು ಇನ್ನೂ ಚೆನ್ನಾಗಿ ತಡೆಯಬಲ್ಲ ಮ್ಯಾಕಿಂಟಾಷ್ ಬಂದಿತು.

ಬೇಯಿಸುವುದಕ್ಕೆ ಯಾವ ಸೇಬು ತಕ್ಕದ್ದು ಎಂಬುದರಲ್ಲಿ ಆ ಸೀಮೆಯ ಜನ ಬಹಳ ಖಚಿತ. ಮ್ಯಾಕಿಂಟಾಷ್ ತಿನ್ನಲು ರುಚಿಯಾದರೂ ಕಾವು ತಗುಲಿದೊಡನೆ ಕರಗಿ ಗೊಜ್ಜಾಗಿಬಿಡುತ್ತದೆ. ಹೋಳು ಹೋಳಾಗಿಯೇ ನಿಲ್ಲಬೇಕಾದರೆ ನಾರ್ದರ್ನ್ ಸ್ಪೈ ಆಗಬೇಕು, ಇಲ್ಲವೆ ರೋಡ್ ಐಲೆಂಡ್ ಗ್ರೀನಿಂಗ್ ಆಗಬೇಕು. ಸಿಹಿಯೊಡನೆ ಹುಳಿಯೂ ಇರಬೇಕು, ತಿರುಳು ಗಟ್ಟಿಯಾಗಿರಬೇಕು. ಬಾಳೆಕಾಯಿಯಲ್ಲಿ ಪಲ್ಯಕ್ಕೆ ಯಾವುದು, ಹಪ್ಪಳಕ್ಕೆ ಯಾವುದು ಎಂದು ಬೆರಳಿನಿಂದ ಒತ್ತಿಯೇ ಹೇಳುವ ನಮ್ಮ ಮಲೆನಾಡಿನ ಗೃಹಿಣಿಯರ ವಿವೇಕವೇ ಇಲ್ಲಿಯೂ ಕೆಲಸ ಮಾಡುತ್ತಿದೆಯೆಂದು ನನಗೆ ಸಂತೋಷವಾಯಿತು.

ಅದೇ ರಸ್ತೆಯಲ್ಲಿ ಇನ್ನೂ ಮುಂದೆ ಹೋಗಿ ಎಡಕ್ಕೆ ತಿರುಗಿದರೆ ವಾರ್ಡ್ಸ್‌ಬರೊ ಎಂಬ ಸಣ್ಣ ಹಳ್ಳಿ ಸಿಕ್ಕುತ್ತದೆ. ಈ ಹಳ್ಳಿಗೆ ಒಂದು ಗೆಡ್ಡೆಯಿಂದ ಕೀರ್ತಿ ಬಂದಿದೆ. ಇಪ್ಪತ್ತನೆಯ ಶತಮಾನದ ಆದಿಯಲ್ಲಿ ಇಲ್ಲಿ ಜಾನ್ ಗಿಲ್ಫೆದರ್ ಎಂಬ ರೈತನಿದ್ದನು. ಆತ ಬೆಳೆದು ಮಾರುತ್ತಿದ್ದ ಟರ್ನಿಪ್ ಉಳಿದ ಟರ್ನಿಪ್ಪುಗಳ ಹಾಗೆ ಘಾಟಾಗಿರದೆ, ಬಿಳಿಯ ತಿರುಳಿನದಾಗಿ, ಚಳಿ ತಾಗಿದ ಮೇಲೆ ಸಿಹಿಯಾಗುತ್ತಿದ್ದಿತು. ಬೇರೆಯವರು ಅದನ್ನು ನೆಟ್ಟು ಬೀಜ ಮಾಡಿಕೊಳ್ಳದಿರಲೆಂದು ಆತ ಪೇಟೆಗೆ ಒಯ್ಯುವ ಮುನ್ನ ಗೆಡ್ಡೆಯ ತಲೆಯನ್ನೂ ಬುಡವನ್ನೂ ಕತ್ತರಿಸಿ ಹಾಕುತ್ತಿದ್ದನೆಂದು ಹಳ್ಳಿಯವರು ಇಂದಿಗೂ ಹೇಳುತ್ತಾರೆ. ಹೇಗೋ ಬೀಜ ಉಳಿಯಿತು, ಹರಡಿತು. ಆ ಹಳ್ಳಿಯ ಶಾಲೆಯ ಮಕ್ಕಳು ಮುಂದಾಗಿ ಕೇಳಿಕೊಂಡದ್ದರ ಫಲವಾಗಿ 2016ರಲ್ಲಿ ವರ್ಮಾಂಟಿನ ಶಾಸನಸಭೆ ಗಿಲ್ಫೆದರ್ ಟರ್ನಿಪ್ಪನ್ನು ತನ್ನ ಸಂಸ್ಥಾನದ ತರಕಾರಿಯೆಂದು ಅಂಗೀಕರಿಸಿತು. ಅಕ್ಟೋಬರ್ ತಿಂಗಳಿನಲ್ಲಿ ಆ ಗೆಡ್ಡೆಯ ಹೆಸರಿನಲ್ಲಿಯೇ ಊರಹಬ್ಬ ನಡೆಯುತ್ತದೆ. ನಮ್ಮ ಉತ್ತರ ಕನ್ನಡದ ಜೋಯಿಡಾದಲ್ಲಿ ಕುಣಬಿ ಜನರು ತಾವು ಬೆಳೆದ ಗೆಡ್ಡೆಗೆಣಸುಗಳನ್ನು ರಾಶಿ ಹಾಕಿ ಮೇಳ ನಡೆಸುವುದನ್ನು ನೋಡಿರುವ ನನಗೆ, ಮಣ್ಣಿನ ಅಡಿಯಲ್ಲಿ ಬೆಳೆಯುವ ವಸ್ತುವಿಗೂ ಮರ್ಯಾದೆ ಸಲ್ಲಿಸುವ ಈ ಊರು ಆ ಕ್ಷಣಕ್ಕೆ ಪರದೇಶವಾಗಿ ಕಾಣಲಿಲ್ಲ.

ಕಡೆಗೆ ಆ ಮುಂಜಾವು ಬಂದಿತು. ಹುಲ್ಲಿನ ಎಸಳು ಎಸಳಿನ ಮೇಲೂ ಬೆಳ್ಳಗೆ ಗರುಕಾದ ಹೆಪ್ಪು. ಕಾಲಿಟ್ಟಲ್ಲಿ ಸಣ್ಣಗೆ ಮುರಿಯುವ ಸದ್ದು. ನೆರೆಯ ವೃದ್ಧೆ ಕವಲುಗುದ್ದಲಿಯನ್ನು ಹಿಡಿದು ನಮ್ಮನ್ನು ಕರೆದಳು. ಮೊದಲು ಪಾರ್ಸ್ನಿಪ್ಪುಗಳನ್ನು ಕಿತ್ತೆವು. ಗಜ್ಜರಿ, ಕೊತ್ತಂಬರಿ, ಜೀರಿಗೆಗಳ ಕುಲಕ್ಕೆ ಸೇರಿದ ಈ ಬೇರು ನೋಡಲು ಬಿಳಿಯ ಗಜ್ಜರಿ; ಮೂಗಿನ ಬಳಿ ಹಿಡಿದರೆ ಮಾತ್ರ ಅದರದೇ ಆದ ಒಂದು ಸಾಂಬಾರದ ಪರಿಮಳ. ಕಬ್ಬಿನ ಸಕ್ಕರೆ ದುರ್ಲಭವಾಗಿದ್ದ ಕಾಲದಲ್ಲಿ ಯೂರೋಪಿನ ಜನ ಭಕ್ಷ್ಯಗಳಿಗೆ ಸಿಹಿ ಕೂಡಿಸಲು ಇದನ್ನು ಬಳಸುತ್ತಿದ್ದರೆಂದರೆ ಅದರ ಯೋಗ್ಯತೆ ತಿಳಿದೀತು. ಆದರೆ ಬೇಸಗೆಯಲ್ಲಿ ಅಗೆದ ಪಾರ್ಸ್ನಿಪ್ಪಿಗೆ ಈ ಗುಣವಿಲ್ಲ. ಗಿಡ ತಿಂಗಳುಗಟ್ಟಲೆ ದುಡಿದು ಬೇರಿನಲ್ಲಿ ಕೂಡಿಟ್ಟುಕೊಂಡದ್ದು ಪಿಷ್ಟ, ಅದಕ್ಕೆ ರುಚಿಯಿಲ್ಲ. ನೆಲ ತಣ್ಣಗಾಗುತ್ತ ಬಂದಂತೆ ಬೇರು ಆ ಪಿಷ್ಟವನ್ನು ಒಡೆದು ಸಕ್ಕರೆಯನ್ನಾಗಿ ಮಾರ್ಪಡಿಸುತ್ತದೆ. ಸಕ್ಕರೆ ಕರಗಿದ ನೀರು ಬರಿಯ ನೀರಿನಷ್ಟು ಬೇಗ ಹೆಪ್ಪುಗಟ್ಟುವುದಿಲ್ಲ. ಆದ್ದರಿಂದ ಜೀವಕೋಶಗಳು ಸಿಡಿಯದೆ ಉಳಿದು, ಹಿಮದ ಅಡಿಯಲ್ಲಿ ಚಳಿಗಾಲವನ್ನು ಕಳೆದು, ವಸಂತದಲ್ಲಿ ಮತ್ತೆ ಚಿಗುರಿ ಹೂ ಬಿಡಬಹುದು. ನಾವು ಸವಿಯೆಂದು ಕರೆಯುವುದು ಆ ಗಿಡದ ಮಟ್ಟಿಗೆ ಪ್ರಾಣರಕ್ಷಣೆಯ ಉಪಾಯ. ಈ ಸಂಗತಿಯನ್ನು ತಿಳಿದಂದಿನಿಂದ ಆ ಬಿಳಿಯ ಬೇರಿನ ಬಗೆಗೆ ನನ್ನಲ್ಲಿ ಒಂದು ಬಗೆಯ ಗೌರವ ಹುಟ್ಟಿದೆ.

ಅಡುಗೆಯ ವಿಧಾನ ಸರಳ, ಆದರೆ ಅದರ ಕ್ರಮದಲ್ಲಿ ಅವಸರ ಸಲ್ಲದು. ವೃದ್ಧೆ ಪಾರ್ಸ್ನಿಪ್ಪನ್ನು ಉದ್ದುದ್ದ ಸೀಳಿ, ದಪ್ಪನೆಯ ಬೇರುಗಳ ನಡುವಿನ ನಾರಿನ ದಿಂಡನ್ನು ತೆಗೆದುಹಾಕಿದಳು. ಗಜ್ಜರಿಯನ್ನೂ ಟರ್ನಿಪ್ಪನ್ನೂ ಹೆಬ್ಬೆರಳಿನ ಗಾತ್ರಕ್ಕೆ ಹೆಚ್ಚಿದಳು. ಬೀಟ್‌ರೂಟನ್ನು ಮಾತ್ರ ಬೇರೆಯ ಪಾತ್ರೆಯಲ್ಲಿಟ್ಟಳು, ಅದರ ರಸ ಸೋರಿ ಉಳಿದುವೆಲ್ಲ ಒಂದೇ ಬಣ್ಣವಾಗಬಾರದೆಂದು. ಹೋಳುಗಳೆಲ್ಲ ಒಂದೇ ಅಳತೆಯವಾಗಿರಬೇಕೆಂಬ ವಿಷಯದಲ್ಲಿ ಆಕೆ ಬಹಳ ನಿಷ್ಠುರಳಾಗಿದ್ದಳು. ನಾನು ಕೊಯ್ದವನ್ನೆಲ್ಲ ಬೆರಳಿನಿಂದ ಸರಿಸಿ ಸರಿಸಿ ನೋಡಿದಳು. ಬಳಿಕ ಕರಗಿಸಿದ ಬೆಣ್ಣೆ, ಉಪ್ಪು, ಹೊಸದಾಗಿ ಕುಟ್ಟಿದ ಕರಿಮೆಣಸು, ಹಿತ್ತಲಿನ ಸೇಜ್ ಗಿಡದ ಬೂದುಹಸುರಿನ ಎಲೆ. ಇಷ್ಟನ್ನೂ ಕೈಯಿಂದಲೇ ಕಲಸಿ, ಅಗಲವಾದ ಕಬ್ಬಿಣದ ತಟ್ಟೆಯಲ್ಲಿ ಒಂದರ ಮೇಲೊಂದು ಬೀಳದಂತೆ ಹರಡಿ, 400 ಡಿಗ್ರಿ ಫ್ಯಾರನ್‌ಹೀಟ್, ಎಂದರೆ ಸುಮಾರು 200 ಡಿಗ್ರಿ ಸೆಲ್ಸಿಯಸ್ ಕಾವಿನ ಓವನ್ನಿನಲ್ಲಿಟ್ಟಳು. ಒತ್ತೊತ್ತಾಗಿ ತುಂಬಿದರೆ ತರಕಾರಿಯ ನೀರು ಹಬೆಯಾಗಿ ಅಲ್ಲಿಯೇ ನಿಲ್ಲುತ್ತದೆ. ಆಗ ಹೋಳು ಬೇಯುವುದೇ ಹೊರತು ಕೆಂಪೇರುವುದಿಲ್ಲ. ಮೈಮೇಲಿನ ತೇವ ಆರಿ, ಕಾವು ನೀರಿನ ಕುದಿಬಿಂದುವನ್ನು ಬಹುವಾಗಿ ಮೀರಿದ ಮೇಲೆಯೇ ಸಕ್ಕರೆಗೂ ಸಸಾರಜನಕಾಂಶಗಳಿಗೂ ಸಂಯೋಗ ನಡೆದು, ಹೊಂಬಣ್ಣವೂ ಹುರಿದ ಕಂಪೂ ಹುಟ್ಟುತ್ತವೆ. 1912ರಲ್ಲಿ ಲೂಯಿ ಕಮೀಯ್ ಮಯ್ಯಾರ್ ಎಂಬ ಫ್ರೆಂಚ್ ವಿಜ್ಞಾನಿ ಈ ಕ್ರಿಯೆಯನ್ನು ವಿವರಿಸಿದನು. ದೋಸೆಯ ತಳ ಕೆಂಪಾಗುವುದಕ್ಕೂ ಇದೇ ಕಾರಣವೆಂಬುದನ್ನು ನಮ್ಮ ಓದುಗರು ಬಲ್ಲರು.

ಸೇಬಿನ ಸರದಿ ಅರ್ಧ ಗಂಟೆಯ ತರುವಾಯ. ಬೇರುಗಳು ಗಟ್ಟಿಯಾದುವು, ಹಣ್ಣು ಸುಕುಮಾರ. ಎರಡನ್ನೂ ಒಟ್ಟಿಗೆ ಇಟ್ಟರೆ ಒಂದು ಬೆಂದೀತು, ಇನ್ನೊಂದು ಕರಗೀತು. ಸಿಪ್ಪೆಯನ್ನು ತೆಗೆಯದೆ ದಪ್ಪ ಹೋಳುಗಳನ್ನಾಗಿ ಕೊಯ್ದ ನಾರ್ದರ್ನ್ ಸ್ಪೈ ಹಣ್ಣನ್ನು ತಟ್ಟೆಯ ಸಂದುಗಳಲ್ಲಿ ಸೇರಿಸಿದುದಾಯಿತು. ಇನ್ನೂ ಕಾಲುಗಂಟೆ ಕಳೆದ ಮೇಲೆ ಒಂದು ಬೊಗಸೆ ಕ್ರ್ಯಾನ್‌ಬೆರಿ. ಈ ಕೆಂಪು ಕಾಯಿ ಮಾತ್ರ ಈ ನೆಲದ್ದೇ ಸಂತಾನ. ದಕ್ಷಿಣದ ಮ್ಯಾಸಚೂಸೆಟ್ಸಿನ ಕಡಲಂಚಿನ ಜೌಗುಭೂಮಿಯಲ್ಲಿ ತಾನಾಗಿ ಬೆಳೆಯುವ ನೆಲಬಳ್ಳಿಯ ಫಲ. 1816ರ ಸುಮಾರಿಗೆ ಕೇಪ್ ಕಾಡ್‌ನ ಡೆನ್ನಿಸ್ ಎಂಬ ಊರಿನ ಹೆನ್ರಿ ಹಾಲ್ ಎಂಬಾತ, ಗಾಳಿಗೆ ಹಾರಿ ಬಂದ ಮರಳು ಬಿದ್ದಲ್ಲಿ ಈ ಬಳ್ಳಿ ಹೆಚ್ಚು ಹುಲುಸಾಗುವುದನ್ನು ಕಂಡು ಅದರ ಬೇಸಾಯವನ್ನು ಆರಂಭಿಸಿದನು. ಹಸಿಯಾಗಿ ಬಾಯಿಗೆ ಹಾಕಿಕೊಂಡರೆ ಹಲ್ಲು ಜುಮ್ಮೆನ್ನುವಷ್ಟು ಹುಳಿ ಮತ್ತು ಒಗರು. ಕಾವಿಗೆ ಸಿಡಿದು ರಸ ಬಿಟ್ಟಾಗ ಬೇರುಗಳ ಸಿಹಿಗೆ ಅದು ಎದುರಾಗಿ ನಿಲ್ಲುತ್ತದೆ. ಕೆಸುವಿನ ಗೆಡ್ಡೆಗೆ ಹುಣಿಸೆಯ ಹುಳಿ ಬೀಳದಿದ್ದರೆ ಆಗದು, ಅನಾನಸಿನ ಮೆಣಸ್ಕಾಯಿಯಲ್ಲಿ ಸಿಹಿ ಹುಳಿ ಖಾರಗಳು ಒಂದನ್ನೊಂದು ಹಿಡಿದು ನಿಲ್ಲಿಸದಿದ್ದರೆ ಅದು ಮೆಣಸ್ಕಾಯಿಯೇ ಅಲ್ಲ ಎಂದು ಬಲ್ಲ ನಾಲಿಗೆಗೆ ಈ ನ್ಯಾಯವನ್ನು ಯಾರೂ ವಿವರಿಸಬೇಕಾಗಿಲ್ಲ.

ಎಲ್ಲಕ್ಕಿಂತ ಕಡೆಯದು ಮೇಪಲ್ ಮರದ ಪಾಕ. ಸಕ್ಕರೆ ಬೇಗ ಸೀಯುವುದರಿಂದ ಅದನ್ನು ಇಳಿಸುವುದಕ್ಕೆ ಸ್ವಲ್ಪ ಮುಂಚೆ ಮಾತ್ರ ಎಳೆಯಾಗಿ ಹನಿಸುತ್ತಾರೆ. ಈ ಪಾಕದ ಕಥೆಯೂ ಚಳಿಯ ಕಥೆಯೇ. ಬೇಸಗೆಯಲ್ಲಿ ಕೂಡಿಟ್ಟ ಪಿಷ್ಟವನ್ನು ಮರ ಚಳಿಗಾಲದಲ್ಲಿ ಸಕ್ಕರೆಯಾಗಿಸಿಕೊಳ್ಳುತ್ತದೆ. ಫೆಬ್ರುವರಿ ಮಾರ್ಚ್ ತಿಂಗಳುಗಳಲ್ಲಿ, ರಾತ್ರಿ ನೀರು ಹೆಪ್ಪುಗಟ್ಟುವ ಹಾಗೂ ಹಗಲು ಕರಗುವ ಆ ಕೆಲವೇ ವಾರಗಳಲ್ಲಿ, ಕಾಂಡಕ್ಕೆ ಕೊರೆದ ರಂಧ್ರದಿಂದ ತೆಳುವಾದ ರಸ ತೊಟ್ಟಿಕ್ಕುತ್ತದೆ. ಸುಮಾರು 40 ಲೀಟರ್ ರಸವನ್ನು ಕುದಿಸಿ ಬತ್ತಿಸಿದರೆ 1 ಲೀಟರ್ ಪಾಕ. ಬಿಳಿಯರು ಬರುವುದಕ್ಕೆ ಮೊದಲೇ ಅಬೆನಾಕಿ ಮೊದಲಾದ ಮೂಲನಿವಾಸಿಗಳು ಈ ವಿದ್ಯೆಯನ್ನು ಬಲ್ಲವರಾಗಿದ್ದರು. ವಲಸೆ ಬಂದವರು ಕಲಿತದ್ದು ಅವರಿಂದ. ಹೊರಗಿನಿಂದ ಬಂದ ಸೇಬಿಗೂ ಗಜ್ಜರಿಗೂ ಪಾರ್ಸ್ನಿಪ್ಪಿಗೂ ಈ ನೆಲದ ಎರಡು ವಸ್ತುಗಳು, ಒಂದು ಹುಳಿಯನ್ನೂ ಒಂದು ಸಿಹಿಯನ್ನೂ ಕೊಟ್ಟು, ಜೊತೆಗೂಡುವುದನ್ನು ಆ ತಟ್ಟೆಯಲ್ಲಿ ನಾನು ಕಂಡೆ. ಆ ನೆಲದ ಮೊದಲ ಒಡೆಯರಿಗೆ ಆಮೇಲೆ ಸಂದ ಪ್ರತಿಫಲವನ್ನು ನೆನೆದಾಗ ಮನಸ್ಸು ಭಾರವಾಗದಿರಲಿಲ್ಲ.

ತಂಗಿ ತನ್ನ ಮನೆಯಲ್ಲಿ ಇದೇ ವ್ಯಂಜನವನ್ನು ಮಾಡುವಾಗ ಸಿಹಿಗೆಣಸನ್ನೂ ಸೇರಿಸುತ್ತಾಳೆ. “ಅಣ್ಣಾ, ಗೆಣಸಿಲ್ಲದೆ ಇದೆಂಥ ಗೆಡ್ಡೆಯಡುಗೆ? ಸಂಕ್ರಾಂತಿಗೆ ಅವರೆಕಾಯಿ ಕಡಲೆಕಾಯಿಯ ಜೊತೆ ಬೇಯಿಸಿ ತಿಂದದ್ದು ನೆನಪಿಲ್ಲವೆ?” ಎಂಬುದು ಅವಳ ವಾದ. ವೃದ್ಧೆಗೆ ಇದು ಸಮ್ಮತವಲ್ಲ. ಅವಳ ಹಿತ್ತಲಿನ ತಣ್ಣನೆಯ ಮಣ್ಣಿಗೆ ಅದು ಒಗ್ಗುವುದಿಲ್ಲ. ನಿಜವೇ, ಅಮೆರಿಕ ಖಂಡದ ಉಷ್ಣಪ್ರದೇಶದಲ್ಲಿ ಹುಟ್ಟಿದ ಗೆಣಸಿಗೆ ಈ ಗೆಡ್ಡೆಗಳ ಧರ್ಮ ಸಲ್ಲದು. ಇಬ್ಬನಿ ಹೆಪ್ಪುಗಟ್ಟುವ ಮುನ್ನವೇ ಅದನ್ನು ಅಗೆದು, ಕೆಲವು ದಿನ ಬೆಚ್ಚಗಿನ ತೇವದ ಜಾಗದಲ್ಲಿಟ್ಟು ಹದಗೊಳಿಸಬೇಕು; ಅದರ ಸಿಹಿ ಹುಟ್ಟುವುದು ಕಾವಿನಿಂದಲೇ. ಬೇಯುವಾಗ ಸುಮಾರು 60ರಿಂದ 75 ಡಿಗ್ರಿ ಸೆಲ್ಸಿಯಸ್ಸಿನ ನಡುವೆ ಗೆಡ್ಡೆಯೊಳಗಿನ ಒಂದು ಕಿಣ್ವ ಪಿಷ್ಟವನ್ನು ಸಕ್ಕರೆಯಾಗಿ ಒಡೆಯುತ್ತದೆ. ಆ ಕಾವಿನಲ್ಲಿ ಗೆಣಸು ಎಷ್ಟು ಹೆಚ್ಚು ಹೊತ್ತು ನಿಲ್ಲುವುದೋ ಅಷ್ಟು ಸಿಹಿ. ಅದಕ್ಕಾಗಿ ತಂಗಿ ಓವನ್ ಇನ್ನೂ ತಣ್ಣಗಿರುವಾಗಲೇ ಗೆಣಸನ್ನು ಸಿಪ್ಪೆಯ ಸಹಿತ ಇಡಿಯಾಗಿ ಒಳಗಿಟ್ಟು, ಮೆಲ್ಲನೆ ಕಾವೇರಿಸಿ, ಅರೆಬೆಂದ ಬಳಿಕ ಹೋಳು ಮಾಡಿ ಉಳಿದವುಗಳೊಡನೆ ಸೇರಿಸುತ್ತಾಳೆ. ಕೆಂಡದ ಬೂದಿಯಲ್ಲಿ ಗೆಣಸನ್ನು ಹೂತು ಸುಡುತ್ತಿದ್ದ ನಮ್ಮ ಹಳ್ಳಿಗಳ ಪದ್ಧತಿಯಲ್ಲಿ ಈ ತತ್ತ್ವವೇ ಅಡಗಿದ್ದಿತು. ಚಳಿಯಿಂದ ಸಿಹಿಯಾದ ಬೇರೂ ಬೆಂಕಿಯಿಂದ ಸಿಹಿಯಾದ ಗೆಡ್ಡೆಯೂ ಒಂದೇ ತಟ್ಟೆಯಲ್ಲಿ ಬಂದರೆ ತಪ್ಪೇನು? ನನ್ನ ಮತ ತಂಗಿಯ ಕಡೆಗೇ.

ಆ ದಿನ ಸಂಜೆ ವೃದ್ಧೆಯ ಮೇಜಿನ ಸುತ್ತ ನಾವೆಲ್ಲ ಕುಳಿತೆವು. ನವೆಂಬರ್ ತಿಂಗಳ ನಾಲ್ಕನೆಯ ಗುರುವಾರದ ಕೃತಜ್ಞತೆಯ ಹಬ್ಬದಲ್ಲಿ ಇಂಥ ವ್ಯಂಜನಗಳು ದೊಡ್ಡ ಕೋಳಿಯ ಪಕ್ಕದಲ್ಲಿ ನಂಚಿಕೊಳ್ಳುವುದಕ್ಕೆ ಬರುತ್ತವೆ. ನಾವು ಶಾಕಾಹಾರಿಗಳಾದುದರಿಂದ ನಮ್ಮ ಪಾಲಿಗೆ ಅದೇ ಪ್ರಧಾನವಾಯಿತು. ಪಾರ್ಸ್ನಿಪ್ಪಿನ ಅಂಚು ಗರಿಗರಿಯಾಗಿಯೂ ಒಡಲು ಬೆಣ್ಣೆಯಷ್ಟು ಮೃದುವಾಗಿಯೂ ಇದ್ದಿತು. ಟರ್ನಿಪ್ಪಿನಲ್ಲಿ ಸಿಹಿಯ ಹಿಂದೆ ನವಿಲುಕೋಸಿನ ಕುಲದ ಸಣ್ಣ ಘಾಟು. ಸೇಬು ತನ್ನ ಆಕಾರವನ್ನು ಬಿಡದೆಯೇ ರಸವನ್ನೆಲ್ಲ ಸುತ್ತಲಿನ ಬೇರುಗಳಿಗೆ ಹಂಚಿದ್ದಿತು. ಆಕೆ ತನ್ನ ಸಾಲಿನ ಅರ್ಧವನ್ನು ಅಗೆಯದೆಯೇ ಒಣಹುಲ್ಲನ್ನು ಮುಚ್ಚಿ ಬಿಟ್ಟಿದ್ದಳು. ಮಾರ್ಚ್ ತಿಂಗಳಿನಲ್ಲಿ ನೆಲ ಸಡಿಲವಾದಾಗ ಕೀಳುವ ಬೇರು ಇದಕ್ಕಿಂತಲೂ ಸಿಹಿಯಂತೆ.

ಮಿಕ್ಕುದನ್ನು ತಂಗಿ ಡಬ್ಬಿಯಲ್ಲಿ ಮನೆಗೆ ತಂದಳು. ಮರುದಿನ ಬೆಳಗ್ಗೆ ಬಾಣಲೆಗೆ ಎಣ್ಣೆ ಹಾಕಿ, ಸಾಸಿವೆ, ಉದ್ದಿನ ಬೇಳೆ, ಒಣಮೆಣಸಿನಕಾಯಿ, ಇಂಗುಗಳ ಒಗ್ಗರಣೆ ಕೊಟ್ಟು, ಆ ಹೋಳುಗಳನ್ನು ಒಂದೆರಡು ನಿಮಿಷ ಹೊರಳಿಸಿ ಚಪಾತಿಯೊಡನೆ ಬಡಿಸಿದಳು. ಡಬ್ಬಿಯನ್ನು ಹಿಂದಿರುಗಿಸುವ ನೆಪದಲ್ಲಿ ಅದರಲ್ಲಿಯೇ ಒಂದಿಷ್ಟನ್ನು ವೃದ್ಧೆಗೂ ಕಳುಹಿಸಿದೆವು. ಮಧ್ಯಾಹ್ನದ ಹೊತ್ತಿಗೆ ಆಕೆ ತಾನೇ ನಡೆದು ಬಂದು, ಆ ಸಿಡಿಯುವ ಕರಿಯ ಕಾಳನ್ನು ಎಣ್ಣೆ ಎಷ್ಟು ಕಾದ ಮೇಲೆ ಹಾಕಬೇಕೆಂದು ಕೇಳಿ, ತನ್ನ ಹಳೆಯ ಅಡುಗೆಯ ಪುಸ್ತಕದಲ್ಲಿ ಪಾರ್ಸ್ನಿಪ್ಪಿನ ಪುಟವನ್ನು ತೆಗೆದು ಅದರ ಅಂಚಿನಲ್ಲಿ ಬರೆದುಕೊಂಡಳು.